ರಾಜೇಶ್ವರಿ ಕೇಳುವ ಎರಡನೆಯ ಪ್ರಶ್ನೆ

ಜಮಖಂಡಿಯ ಬಸ್ ನಿಲ್ದಾಣದಿಂದ ನಡೆದೇ ಹೋಗುವಷ್ಟು ಹತ್ತಿರದಲ್ಲಿ ಒಂದು ಎಲುಬಿನ ದವಾಖಾನೆ ಇದೆ. ಸುತ್ತಲಿನ ಹಳ್ಳಿಗಳಲ್ಲಿ ಕೈಕಾಲು ಮುರಿದುಕೊಂಡವರಲ್ಲಿ ಹೆಚ್ಚಿನವರು ಅಲ್ಲಿಗೇ ಬರುತ್ತಾರೆ. ಬಂದವರನ್ನು ಏನಾಯಿತೆಂದು ಕೇಳಿ ನೋಡಿ, ಎಲ್ಲರದೂ ಒಂದೇ ಉತ್ತರ: "ಬಿದ್ದೆ ರೀ." ಲಾರಿ ಗುದ್ದಿಸಿಕೊಂಡವನೂ ಬಿದ್ದವನೇ, ಎಮ್ಮೆಗೆ ಬೈಕು ಹಾಯಿಸಿದವನೂ ಬಿದ್ದವನೇ, ಕಬ್ಬಿನ ಟ್ರೇಲರಿನ ಮೇಲಿಂದ ಜಾರಿದವನೂ ಬಿದ್ದವನೇ. ಈ ಸೀಮೆಯ ಜನ ರೊಟ್ಟಿಯ ಮಾತು ಬಂದರೆ ಅದು ಯಾವ ಹೊಲದ ಜೋಳ ಎಂಬಲ್ಲಿಯತನಕ ಬಿಡಿಸಿ ಹೇಳುತ್ತಾರೆ. ತಮ್ಮ ಕಾಲು ಮುರಿದ ಸಂಗತಿಯನ್ನು ಮಾತ್ರ ಒಂದೇ ಮಾತಿನಲ್ಲಿ ಮುಗಿಸಿ ಗೋಡೆಯ ಕಡೆ ಹೊರಳಿ ಮಲಗಿಬಿಡುತ್ತಾರೆ.

ಆ ಒಂದು ಮಾತಿಗೆ ಒಪ್ಪದೆ ಮಂಚದ ಪಕ್ಕ ನಿಲ್ಲುವವಳು ರಾಜೇಶ್ವರಿ. ಮೂವತ್ತು ದಾಟಿದ ಹೆಣ್ಣುಮಗಳು, ಹುನ್ನೂರಿನ ಸೊಸೆ. ದವಾಖಾನೆಯ ಎಕ್ಸ್‌ರೇ ಕೋಣೆಯ ಹಿಂದಿನ ಸಣ್ಣ ಕೋಣೆಯಲ್ಲಿ ಆಕೆಯ ಕಂಪ್ಯೂಟರ್ ಇದೆ. ಆಕೆಯ ಹುದ್ದೆಗೆ ಮೆಡಿಕಲ್ ಕೋಡರ್ ಎಂದು ಹೆಸರು. ಅದೇನು ಕೆಲಸವೆಂದು ಊರಿನವರಿಗೆ ಬಹಳ ದಿನ ತಿಳಿದಿರಲಿಲ್ಲ, ಆದ್ದರಿಂದ ಇಲ್ಲಿ ಮೊದಲೇ ಹೇಳಿಬಿಡುವುದು ಒಳ್ಳೆಯದು. ಡಾಕ್ಟರು ಬರೆದ ಟಿಪ್ಪಣಿಯನ್ನು ಓದಿ, ಪ್ರತಿಯೊಂದು ಗಾಯಕ್ಕೂ ಜಗತ್ತಿನ ತುಂಬ ನಡೆಯುವ ಒಂದು ಸಂಕೇತವನ್ನು ಹಾಕಬೇಕು. ಗಾಯ ವಾಹನದಿಂದ ಆದದ್ದಾದರೆ ಎರಡು ಸಂಕೇತ ಬೇಕು. ಏನು ಮುರಿಯಿತು ಎಂಬುದಕ್ಕೆ ಒಂದು, ಹೇಗೆ ಮುರಿಯಿತು ಎಂಬುದಕ್ಕೆ ಇನ್ನೊಂದು. ಮೊದಲನೆಯದನ್ನು ಎಕ್ಸ್‌ರೇ ಹೇಳುತ್ತದೆ. ಎರಡನೆಯದನ್ನು ಬಾಯಿಬಿಟ್ಟು ಕೇಳಬೇಕು.

ರಾಜೇಶ್ವರಿ ಕೇಳುತ್ತಾಳೆ. ಗಾಡಿ ನೀವೇ ಹೊಡೆಯುತ್ತಿದ್ದಿರೋ, ಹಿಂದೆ ಕುಂತಿದ್ದಿರೋ? ಎರಡೂ ಕಡೆ ಕಾಲು ಹಾಕಿ ಕುಂತಿದ್ದಿರೋ, ಒಂದೇ ಕಡೆಗೋ? ಸೆರಗು ಗಾಲಿಗೆ ಸಿಕ್ಕಿತೇ? ಡಾಂಬರು ರಸ್ತೆಯೋ, ಹೊಲದ ದಾರಿಯೋ? ಎಲ್ಲಕ್ಕಿಂತ ಮುಖ್ಯವಾಗಿ, ಗಾಡಿ ಯಾವುದಕ್ಕೆ ಬಡಿಯಿತು? ಮುಧೋಳ ಕಡೆಯವನೊಬ್ಬ ಬೇಟೆನಾಯಿ ಅಡ್ಡ ಬಂದು ಬಿದ್ದಿದ್ದ. ಕೈ ಎರಡು ಕಡೆ ಮುರಿದಿದ್ದರೂ ಅವನು ಮೊದಲು ಹೇಳಿದ್ದು, "ನಾಯಿಗೆ ಏನೂ ಆಗಿಲ್ರಿ, ಚಲೋ ಐತಿ." ಟ್ರ್ಯಾಕ್ಟರಿನ ಮಡಗಾರ್ಡಿನ ಮೇಲೆ ಕುಂತು ಹೋಗಿ ಬಿದ್ದವರಿಗಂತೂ ಲೆಕ್ಕವಿಲ್ಲ. ರೈತರ ವಾಹನದ ಹೊರಮೈ ಹಿಡಿದು ಹೋಗುವವರಿಗೆಂದೇ ಕೋಡಿನ ಪುಸ್ತಕದಲ್ಲಿ ಪ್ರತ್ಯೇಕ ಸಂಖ್ಯೆ ಇರುವುದನ್ನು ಮೊದಲ ಸಲ ಕಂಡಾಗ ರಾಜೇಶ್ವರಿ ಒಬ್ಬಳೇ ನಕ್ಕಿದ್ದಳು. ಎಲ್ಲೋ ದೂರದ ದೇಶದಲ್ಲಿ ಕುಳಿತು ಅದನ್ನು ಬರೆದವರು ಒಮ್ಮೆ ಮುಧೋಳದ ಸಂತೆಯ ದಿನ ರಸ್ತೆಯ ಬದಿಗೆ ನಿಂತಿರಬೇಕು ಎಂದು ಆಕೆಗೆ ಅನ್ನಿಸಿತು.

ಆಕೆ ಹುಟ್ಟಿದ್ದು ಬೀಳಗಿ ತಾಲೂಕಿನಲ್ಲಿ. ಹಳೆಯ ಊರು ಹಿನ್ನೀರಿನಲ್ಲಿ ಮುಳುಗಿ, ಸರಕಾರ ಗುಡ್ಡದ ಮೇಲೆ ಹೊಸ ಊರು ಹಾಕಿಕೊಟ್ಟ ಮೇಲಿನ ಹುಟ್ಟು. ಹೊಸ ಊರಿನಲ್ಲಿ ಓಣಿಗಳಿಗೆ ಹೆಸರೇ ಇರಲಿಲ್ಲ, ಮನೆಗಳಿಗೆ ನಂಬರು. ಆಟಕ್ಕೆ ಕರೆಯಲು ಬಂದ ಹುಡುಗಿಯರು ನಂಬರು ಹೇಳಿಯೇ ಮನೆ ಹುಡುಕುತ್ತಿದ್ದರು. ಸಂಖ್ಯೆಯ ಹಿಂದೆ ಒಂದು ಅಡುಗೆಮನೆ, ಒಬ್ಬ ಅಜ್ಜಿ, ಜಗಳವಾಡುವ ಇಬ್ಬರು ಅಣ್ಣತಮ್ಮಂದಿರು ಇರುತ್ತಾರೆಂದು ಆಕೆಗೆ ಯಾರೂ ಕಲಿಸಬೇಕಾಗಲಿಲ್ಲ. ಜಮಖಂಡಿಯಲ್ಲಿ ಬಿ.ಎಸ್ಸಿ. ಮುಗಿಸಿದಳು, ಹುನ್ನೂರಿನ ಗೌರೀಶನಿಗೆ ಮದುವೆಯಾಗಿ ಬಂದಳು. ಹುಬ್ಬಳ್ಳಿಯಲ್ಲಿದ್ದ ಗೆಳತಿ ನಂದಾ ಈ ಕೋರ್ಸಿನ ಸುದ್ದಿ ಹೇಳಿದಾಗ ಮಗಳು ಅಂಗನವಾಡಿಗೆ ಹೋಗುತ್ತಿದ್ದಳು. ಫೋನಿನಲ್ಲಿ ಪಾಠ, ಕೈಯಲ್ಲಿ ಹಿಟ್ಟು.

ಎಲುಬುಗಳ ಹೆಸರನ್ನು ಆಕೆ ಕಲಿತದ್ದು ಅತ್ತೆ ಭಾಗವ್ವನ ಮೈಮೇಲೆ. ಸಂಜೆ ಅತ್ತೆಯ ಕಾಲೊತ್ತುತ್ತ ಮೊಣಕಾಲಿನಿಂದ ಕೆಳಗೆ ಒಂದೊಂದೇ ಹೆಸರು ಒಪ್ಪಿಸುತ್ತಿದ್ದಳು. ಭಾಗವ್ವ ಮೊದಮೊದಲು, "ಏನ್ ಮಂತ್ರಾನ ಬೇ ಅದು, ಕಾಲಿಗೆ ಏನರೆ ಮಾಡಾಕತ್ತಿಯೇನು?" ಎಂದು ಕಾಲು ಎಳೆದುಕೊಂಡಳು. ಪರೀಕ್ಷೆ ಹತ್ತಿರ ಬರುವಷ್ಟರಲ್ಲಿ ಆಕೆಗೇ ಅರ್ಧ ಪಾಠ ಬಾಯಿಗೆ ಬಂದಿತ್ತು. ಈಗಲೂ ಥಂಡಿ ಬಿದ್ದ ದಿನ ಭಾಗವ್ವ ಕಟ್ಟೆಯ ಮೇಲೆ ಕುಂತು, "ಇವತ್ತ ನನ್ನ ಟಿಬಿಯಾ ಭಾಳ ನೋಯಾಕತ್ತೈತಿ" ಎನ್ನುತ್ತಾಳೆ. ಮಗ್ಗುಲ ಮನೆಯ ಬೋರವ್ವ ಮೊಣಕಾಲ ಕೆಳಗಿನ ಆ ಎಲುಬಿನ ಹೆಸರನ್ನು ಯಾವುದೋ ದೊಡ್ಡ ರೋಗವೆಂದು ತಿಳಿದು ಕನಿಕರ ಪಡುತ್ತಾಳೆ.

ಇಷ್ಟಾದರೂ ರಾಜೇಶ್ವರಿಗೆ ಹುನ್ನೂರಿನಲ್ಲಿ ಹೆಸರಿರಲಿಲ್ಲ. ಆಕೆ ಸುಣ್ಣದ ಕಲ್ಲಿನ ಚನಮಲ್ಲಪ್ಪನ ಸೊಸೆ. ಬಸ್ಸಿನಲ್ಲಿ, ಗಿರಣಿಯಲ್ಲಿ, ಮದುವೆಯ ಮನೆಯಲ್ಲಿ, ಎಲ್ಲಿ ಹೋದರೂ ಅದೇ ಗುರುತು. ಮಾವ ಚನಮಲ್ಲಪ್ಪ ಆಕೆಯನ್ನು ಕೆಲಸಕ್ಕೆ ಹೋಗಬೇಡ ಎನ್ನಲಿಲ್ಲ, ಹೋಗೆಂದೂ ಅನ್ನಲಿಲ್ಲ. ಯಾರಾದರೂ ಕೇಳಿದರೆ, "ದವಾಖಾನ್ಯಾಗ ಏನೋ ಬರಿತಾಳ" ಎಂದು ಮಾತು ಹೊರಳಿಸಿ ತನ್ನ ಕಲ್ಲಿನ ಸುದ್ದಿಗೆ ಬರುತ್ತಿದ್ದ.

ಆ ಕಲ್ಲಿನ ಸುದ್ದಿ ಇಷ್ಟು. ಕಬ್ಬಿನ ಹಂಗಾಮು ಶುರುವಾಯಿತೆಂದರೆ ಜೋಡಿ ಟ್ರೇಲರಿನ ಟ್ರ್ಯಾಕ್ಟರುಗಳು ಹಗಲೂ ಇರುಳೂ ಕಾರ್ಖಾನೆಯ ದಾರಿ ಹಿಡಿಯುತ್ತವೆ. ಹೇರಿದ ಕಬ್ಬು ಹಿಂದೆ ಇಳಿಬಿದ್ದು ಕೆಂಪು ದೀಪವನ್ನು ಮುಚ್ಚಿರುತ್ತದೆ. ಗಾಲಿ ಪಂಕ್ಚರ್ ಆದರೆ ಗಾಡಿ ನಿಂತಲ್ಲೇ ನಿಂತಿತು. ಹಿಂದೆ ಬರುವವರಿಗೆ ಗೊತ್ತಾಗಲೆಂದು ಡ್ರೈವರು ರಸ್ತೆಯ ಮೇಲೆ ಕಲ್ಲಿಡುತ್ತಾನೆ, ಗಾಡಿ ಉರುಳದಂತೆ ಮುಂದಿನ ಗಾಲಿಗೂ ಒಂದು ಕೊಡುತ್ತಾನೆ. ಇಲ್ಲಿಯ ಪ್ರತಿಯೊಬ್ಬ ಬೈಕು ಸವಾರನಿಗೂ ಇದು ಗೊತ್ತು. ಕಲ್ಲು ಕಂಡರೆ ಮುಂದೆ ಗಾಡಿ ನಿಂತಿದೆ ಎಂದರ್ಥ, ಬಲಕ್ಕೆ ಸರಿದು ಗಾಡಿ ದಾಟಿ ಮತ್ತೆ ಎಡಕ್ಕೆ ಬರಬೇಕು. ಗಾಲಿ ಕಟ್ಟಿಯಾದ ಮೇಲೆ ಗಾಡಿಯವರು ಹೊರಟು ಹೋಗುತ್ತಾರೆ. ಕಲ್ಲು ಅಲ್ಲೇ ಉಳಿಯುತ್ತವೆ. ತಮ್ಮವಲ್ಲದ ಕಲ್ಲನ್ನು ಯಾರು ಎತ್ತಿಡುತ್ತಾರೆ?

ಚನಮಲ್ಲಪ್ಪನಿಗೆ ಇದರ ಮೇಲೆ ಬಹಳ ಸಿಟ್ಟು. ಆತ ತನ್ನ ಹೊಲದ ಒಡ್ಡಿನಿಂದ ನಾಲ್ಕು ಹದವಾದ ಕಲ್ಲು ಆರಿಸಿ ಟ್ರೇಲರಿನ ಪೆಟ್ಟಿಗೆಯಲ್ಲಿ ಇಟ್ಟಿದ್ದ. ದೀಪಾವಳಿಗೆ ಗೋಡೆಗೆ ಸುಣ್ಣ ಬಳಿಯುವಾಗ ಕಲ್ಲಿಗೂ ಬಳಿಯುತ್ತಿದ್ದ. ಮಹಾನವಮಿಯ ಖಂಡೆಪೂಜೆಯ ದಿನ ಟ್ರ್ಯಾಕ್ಟರಿನ ಜೊತೆಗೆ ಅವಕ್ಕೂ ವಿಭೂತಿ ಹಚ್ಚುತ್ತಿದ್ದ. ಊರಿನವರು, "ಚನಮಲ್ಲಪ್ಪ, ಇನ್ನ ಗುಡಿ ಯಾವಾಗ ಕಟ್ಟಸ್ತಿ?" ಎಂದು ಕಾಡಿದರೆ ಆತ ಮೀಸೆಯಲ್ಲೇ ನಗುತ್ತಿದ್ದ. "ಅವು ನನ್ನ ಕಲ್ಲೋ. ನನ್ನವು ಅಂತ ಇದ್ರ ತಿರುಗಿ ಎತ್ತಿಕೊಂಡು ಬರ್ತೇನಿ. ನಿಮ್ಮಂಗ ದಾರ್ಯಾಗ ಬಿಟ್ಟು ಬರೂದಿಲ್ಲ." ಎಷ್ಟೋ ಹಂಗಾಮು ಕಳೆದವು, ಒಂದು ಕಲ್ಲೂ ಹಿಂದುಳಿಯಲಿಲ್ಲ. ಇಡೀ ತಾಲೂಕಿನಲ್ಲಿ ಸುಣ್ಣ ಬಳಿದ ಕಲ್ಲು ಇಟ್ಟವನು ಆತನೊಬ್ಬನೇ.

ಈಚಿನ ಒಂದು ಹಂಗಾಮಿನಲ್ಲಿ ಮಂಡಿನೋವು ಚನಮಲ್ಲಪ್ಪನನ್ನು ಮನೆಯಲ್ಲಿ ಕೂಡಿಸಿತು. ಟ್ರ್ಯಾಕ್ಟರು ಗೌರೀಶನ ಕೈಗೆ ಬಂತು.

ಜನವರಿಯ ಒಂದು ಮುಂಜಾನೆ ರಾಜೇಶ್ವರಿ ದವಾಖಾನೆಗೆ ಬರುವಷ್ಟರಲ್ಲಿ ಧರ್ಮರಾಜ ಎಂಬ ಯುವಕನನ್ನು ಮಲಗಿಸಿದ್ದರು. ಹುನ್ನೂರಿನ ಆಚೆಯ ಹಳ್ಳಿಯವನು, ಜಮಖಂಡಿಯ ಕೋರ್ಟಿನಲ್ಲಿ ಟೈಪಿಸ್ಟ್. ಬೆಳಕು ಹರಿಯುವ ಹೊತ್ತಿಗೆ ಬೈಕಿನ ಮೇಲೆ ಬರುತ್ತಿದ್ದಾಗ ಎಡಗಾಲಿನ ಮೊಣಕಾಲ ಕೆಳಗಿನ ಎಲುಬು ಮುರಿದಿತ್ತು, ಭುಜದ ಎಲುಬು ಬಿರುಕು ಬಿಟ್ಟಿತ್ತು. ಡಾಕ್ಟರ್ ಸಂಜಯ ಅವರು ಗಡಿಬಿಡಿಯಲ್ಲಿ ಬರೆದ ಟಿಪ್ಪಣಿಯಲ್ಲಿ ಎಲುಬಿನ ಸಂಗತಿ ಎಲ್ಲವೂ ಸ್ಪಷ್ಟವಾಗಿತ್ತು. ಹೇಗಾಯಿತು ಎಂಬಲ್ಲಿ ಮಾತ್ರ ಬೈಕಿನಿಂದ ಬಿದ್ದು ಎಂದಷ್ಟೇ ಇತ್ತು. ಯಾವುದಕ್ಕೂ ಬಡಿಯದೆ ತಾನೇ ಬಿದ್ದವನಿಗೆ ಒಂದು ಸಂಕೇತ, ವಿ ಇಪ್ಪತ್ತೆಂಟು. ನಿಂತ ವಸ್ತುವಿಗೆ ಬಡಿದು ಬಿದ್ದವನಿಗೆ ವಿ ಇಪ್ಪತ್ತೇಳು. ಒಂದೇ ಅಂಕಿಯ ಅಂತರವಾದರೂ ರಾಜೇಶ್ವರಿ ಅದನ್ನು ಊಹೆಯ ಮೇಲೆ ಹಾಕುವವಳಲ್ಲ. ಎದ್ದು ವಾರ್ಡಿಗೆ ಹೋದಳು.

ಮಂಚದ ಪಕ್ಕ ಧರ್ಮರಾಜನ ತಾಯಿ ಕೆಂಪವ್ವ ಕುಂತಿದ್ದಳು. ಕಣ್ಣು ಊದಿದ್ದವು.

"ಹೆಂಗಾತ್ರಿ?" ರಾಜೇಶ್ವರಿ ಕೇಳಿದಳು.

"ಬಿದ್ದೆ ರೀ," ಎಂದ ಧರ್ಮರಾಜ.

"ಗಾಡಿ ಎದಕ್ಕ ಬಡೀತು?"

"ಬಿಡ್ರಿ ಅಕ್ಕಾರ. ಬಿದ್ದೆ ಅಂತ ಬರೀರಿ, ಸಾಕು. ನಾ ಕೋರ್ಟಿನ್ಯಾಗ ಇರಾಂವ. ಇಂಥಾ ಕೇಸು ಎಷ್ಟ ವರ್ಷ ನಡೀತಾವ ಅಂತ ನನಗ ಗೊತ್ತೈತಿ."

ಕೆಂಪವ್ವನಿಗೆ ತಡೆಯಲಾಗಲಿಲ್ಲ. "ನೀ ಸುಮ್ಮನಿರೋ. ರಬಕವಿ ಬೀಗರಿಗೆ ಏನ್ ಹೇಳ್ಲಿ?" ಎಂದು ರಾಜೇಶ್ವರಿಯ ಕೈ ಹಿಡಿದುಕೊಂಡಳು. "ಮೊನ್ನೆ ನಿಶ್ಚಯ ಮಾಡೇವ್ರಿ ಯವ್ವಾ. ಹುಡುಗಿ ಕಡೇವ್ರು ಫೋನ್ ಮಾಡಿದ್ರು. ಎದುರಿನ ಗಾಡಿ ಬಡದಿಲ್ಲ, ಹಿಂದಿನ ಗಾಡಿ ಬಡದಿಲ್ಲ, ಒಬ್ಬನ ಹೆಂಗ ಬಿದ್ದ ಅಂತ ಕೇಳಾಕತ್ತಾರ. ಕುಡಿತಾನೇನು ಅನ್ನೂದೊಂದ ಬಾಕಿ ಉಳದೈತಿ. ನಾಳೆ ಇಲ್ಲಿಗೇ ಬರ್ತಾರಂತ. ನನ್ನ ಮಗ ಚಹಾ ಬಿಟ್ರ ಏನೂ ಮುಟ್ಟಾಂವಲ್ಲ."

ರಾಜೇಶ್ವರಿ ಮತ್ತೆ ಅದೇ ಪ್ರಶ್ನೆ ಕೇಳಿದಳು. ಎದಕ್ಕ ಬಡೀತು?

ಧರ್ಮರಾಜ ತಾಯಿಯ ಮುಖ ನೋಡಿ ನಿಟ್ಟುಸಿರು ಬಿಟ್ಟ. "ಕಲ್ಲಿಗ್ರಿ. ಹುನ್ನೂರ ಈಚೆಯ ತಿರುವಿನ್ಯಾಗ. ಮೊದಲನೇ ಕಲ್ಲು ದೂರದಿಂದನ ಕಾಣಸ್ತು. ಗಾಡಿ ನಿಂತೈತಿ ಅಂತ ಬಲಕ್ಕ ಸರದೆ. ನೋಡಿದ್ರ ಗಾಡಿನ ಇಲ್ಲ. ಗಾಡಿ ಹೋಗೇತಿ, ಕಲ್ಲ ಬಿಟ್ಟಾರ ಅಂದ್ಕೊಂಡು ತಿರುಗಿ ಎಡಕ್ಕ ಬಂದೆ. ಮುಂದಿನ ಗಾಲಿಗೆ ಕೊಟ್ಟಿದ್ದ ಕಲ್ಲು ಅಲ್ಲೇ ಇತ್ತು. ಎದುರಿಗೆ ಬಂದ ಲಾರಿ ಬೆಳಕಿಗೆ ಅದು ಕಾಣಸಲಿಲ್ಲ." ಸ್ವಲ್ಪ ತಡೆದು, ಯಾರನ್ನೋ ಹೊಗಳುವ ಧಾಟಿಯಲ್ಲಿ ಸೇರಿಸಿದ: "ಪಾಪ, ಇಟ್ಟಾಂವ ಚಲೋ ಮನಷ್ಯಾನ ಇರಬೇಕ್ರಿ. ಕಲ್ಲಿಗೆ ಸುಣ್ಣ ಹಚ್ಚಿದ್ದ."

ರಾಜೇಶ್ವರಿ ಕೈಯಲ್ಲಿದ್ದ ಪೆನ್ನಿನ ಮುಚ್ಚಳ ಹಾಕಿದಳು, ತೆಗೆದಳು, ಮತ್ತೆ ಹಾಕಿದಳು. ಹಿಂದಿನ ಸಂಜೆ ಗೌರೀಶ ಮನೆಗೆ ಬಂದು, ತಿರುವಿನ ಹತ್ತಿರ ಪಂಕ್ಚರ್ ಆಗಿತ್ತು, ಕಾರ್ಖಾನೆಯ ಪಾಳಿ ತಪ್ಪೀತೆಂದು ಓಡಿ ಓಡಿ ಗಾಲಿ ಕಟ್ಟಿದೆವು ಎಂದು ಹೇಳಿದ್ದು ಆಕೆಗೆ ನೆನಪಾಯಿತು. ರೊಟ್ಟಿ ಬಡಿಯುತ್ತ ಆ ಮಾತನ್ನು ಆಕೆ ಅರ್ಧವೇ ಕೇಳಿಸಿಕೊಂಡಿದ್ದಳು.

ಆಕೆ ಕೋಣೆಗೆ ಮರಳಿ ಬಾಗಿಲು ಎಳೆದುಕೊಂಡು ಕುಂತಳು. ಆಕೆಯ ಕಸುಬಿಗೆ ಒಂದು ಕಟ್ಟುಪಾಡಿದೆ: ಡಾಕ್ಟರು ಬರೆಯದೆ ಇದ್ದದ್ದನ್ನು ಕೋಡರು ಹಾಕುವಂತಿಲ್ಲ. ಡಾಕ್ಟರು ಬರೆದದ್ದು ಬಿದ್ದು ಎಂದು. ಆಕೆ ವಿ ಇಪ್ಪತ್ತೆಂಟು ಹಾಕಿ ಎದ್ದು ಹೋದರೆ ಯಾವ ತನಿಖೆಯವನೂ ಆಕೆಯ ಕಡೆ ಬೆರಳು ತೋರಿಸುವಂತಿರಲಿಲ್ಲ. ಅದು ಸುಳ್ಳೂ ಆಗುತ್ತಿರಲಿಲ್ಲ. ಪೇಶಂಟು ತಾನೇ ಅದನ್ನು ಬೇಡಿಕೊಂಡಿದ್ದ. ಸುಣ್ಣದ ಕಲ್ಲು ಎಂಬ ಮಾತು ಒಮ್ಮೆ ಡಾಕ್ಟರ ಟಿಪ್ಪಣಿಗೆ ಹತ್ತಿತೋ, ಪೊಲೀಸರು ನೆಟ್ಟಗೆ ಹುನ್ನೂರಿಗೆ ಬರುತ್ತಾರೆ. ಎಷ್ಟೋ ಹಂಗಾಮುಗಳಿಂದ ಮಾವ ಗಳಿಸಿಕೊಂಡ ಒಂದೇ ಒಂದು ಹೆಗ್ಗಳಿಕೆ ಊರ ಮುಂದೆ ಮಣ್ಣುಪಾಲಾಗುತ್ತದೆ. ಅದನ್ನು ಮಣ್ಣುಪಾಲು ಮಾಡಿದ ಸೊಸೆಯನ್ನು ಮಾರನೆಯ ದಿನ ಯಾವ ಮನೆಯವರು ಬಸ್ಸು ಹತ್ತಿಸಿ ಕೆಲಸಕ್ಕೆ ಕಳಿಸುತ್ತಾರೆ? ಇತ್ತ ಕಡೆ ಕೆಂಪವ್ವನ ಕೈಯ ಬಿಸಿ ಇನ್ನೂ ಆಕೆಯ ಮಣಿಕಟ್ಟಿನಲ್ಲಿತ್ತು.

ಸುಮ್ಮನೆ ಬಿದ್ದೆ ಎಂದವರನ್ನೆಲ್ಲ ಇಷ್ಟು ವರ್ಷ ಮಂಚದ ಮೇಲೇ ಹಿಡಿದು ಕೇಳಿದವಳು, ಉತ್ತರ ತನ್ನ ಮನೆಯ ಬಾಗಿಲಿಗೆ ಬಂದ ದಿನ ಕೇಳುವುದನ್ನು ಬಿಡಬೇಕೇ? ಬಿಟ್ಟರೆ ತಾನು ಈವರೆಗೆ ಕೇಳಿದ್ದೆಲ್ಲ ಬರೀ ಪರರ ಮನೆಯ ಉಸಾಬರಿ ಆದಂತಾಯಿತು. ಹೀಗೆ ಅಂದುಕೊಂಡವಳೇ ಫೈಲು ಎತ್ತಿಕೊಂಡು ಡಾಕ್ಟರ ಕೋಣೆಗೆ ನಡೆದಳು. ಹೆದರಿಕೆ ಇರಲಿಲ್ಲ ಎಂದರೆ ಸುಳ್ಳಾಗುತ್ತದೆ.

"ಸರ್, ಧರ್ಮರಾಜನ ಟಿಪ್ಪಣಿಯೊಳಗ ಎದಕ್ಕ ಬಡೀತು ಅನ್ನೂದು ಇಲ್ಲ. ಕಲ್ಲಿಗೆ ಅಂತ ಹೇಳಾಕತ್ತಾನ. ನೀವ ಒಮ್ಮೆ ಕೇಳಿ ಬರೀಬೇಕು."

ಸಂಜಯ ಅವರು ತಲೆಯಾಡಿಸಿ ಏಳುವಾಗ ರಾಜೇಶ್ವರಿ ಬಾಗಿಲಲ್ಲೇ ನಿಂತಳು. "ಇನ್ನೊಂದು ಮಾತು ಸರ್. ಆ ಕಲ್ಲು ನಮ್ಮ ಮನಿವು."

ಡಾಕ್ಟರು ಆಕೆಯನ್ನೇ ನೋಡಿದರು. "ಗೊತ್ತಿದ್ದೂ ಕೇಳ್ರಿ ಅನ್ನಾಕತ್ತೀರೇನು?"

"ಗೊತ್ತಿದ್ದದ್ದಕ್ಕ ಅನ್ನಾಕತ್ತೇನ್ರಿ."

ಅವರು ವಾರ್ಡಿಗೆ ಹೋಗಿ ಧರ್ಮರಾಜನ ಪಕ್ಕ ಕುಂತು ಕೇಳಿದರು, ಅವನು ಹೇಳಿದ ಹಾಗೆಯೇ ಬರೆದರು, ಸುಣ್ಣದ ಮಾತನ್ನೂ ಬಿಡಲಿಲ್ಲ. ರಾಜೇಶ್ವರಿ ವಿ ಇಪ್ಪತ್ತೇಳು ಹಾಕಿದಳು. ಆ ಸಣ್ಣ ಕೋಣೆಯಲ್ಲಿ ಆಗ ಯಾರೂ ಇರಲಿಲ್ಲ, ಆದರೂ ಆಕೆ ಬೆನ್ನು ನೆಟ್ಟಗೆ ಮಾಡಿ ಕುಂತು ಆ ಗುಂಡಿಗಳನ್ನು ಒತ್ತಿದಳು.

ಸಂಜೆ ಮನೆ ಮುಟ್ಟಿದಾಗ ಅಂಗಳದಲ್ಲಿ ಬೇರೆಯದೇ ಗದ್ದಲ ನಡೆದಿತ್ತು. ಚನಮಲ್ಲಪ್ಪ ಟ್ರೇಲರಿನ ಪೆಟ್ಟಿಗೆ ತೆರೆದು ನಿಂತಿದ್ದ. ಡ್ರೈವರ್ ಗೂಳಪ್ಪ ತಲೆ ತಗ್ಗಿಸಿದ್ದ. ಗೌರೀಶ ಟ್ರ್ಯಾಕ್ಟರಿನ ಗಾಲಿಗೆ ಒರಗಿ ಬೇರೆ ಕಡೆ ನೋಡುತ್ತಿದ್ದ.

"ನನ್ನ ಕಲ್ಲು ಕದ್ದಾರ," ಎಂದ ಚನಮಲ್ಲಪ್ಪ ಸೊಸೆಯನ್ನು ಕಂಡು. "ನಾಕೂ ಇಲ್ಲ. ಕಾರ್ಖಾನಿ ಪಾಳಿಯೊಳಗ ಗಾಡಿ ನಿಂತಾಗ ಯಾರೋ ಎತ್ಯಾರ. ಸುಣ್ಣದ ಕಲ್ಲು ಅಂದ್ರ ಎಲ್ಲಾರಿಗೂ ಕಣ್ಣು."

ರಾಜೇಶ್ವರಿ ಚೀಲವನ್ನು ಕಟ್ಟೆಯ ಮೇಲಿಟ್ಟಳು. "ಕದ್ದಿಲ್ರಿ ಮಾವಾರ. ತಿರುವಿನ್ಯಾಗ ಅದಾವು. ಮುಂಜಾನೆ ಒಬ್ಬ ಹುಡುಗ ಅವಕ್ಕ ಬಡದು ಕಾಲು ಮುರಕೊಂಡಾನ. ನಮ್ಮ ದವಾಖಾನ್ಯಾಗ ಅದಾನ."

ಒಳಗಿನಿಂದ ಭಾಗವ್ವ ಹೊಸ್ತಿಲಿಗೆ ಬಂದು ನಿಂತಳು.

"ಕಲ್ಲಿಗೆ ಬಡದಾನ ಅಂತ ಬರದಾರೇನು?" ಗೌರೀಶ ಕೇಳಿದ.

"ಬರದಾರ. ಸುಣ್ಣದ ಕಲ್ಲಂತನ ಬರದಾರ."

"ಯಾರು ಹೇಳಿದ್ರು?"

"ಹುಡುಗ ಹೇಳಿದ. ಮೊದಲು ಬರೇ ಬಿದ್ದು ಅಂತಿತ್ತು. ನಾನ ಡಾಕ್ಟರಿಗೆ ಕೇಳಿ ಬರೀರಿ ಅಂದೆ."

ಗೌರೀಶನ ಮುಖ ಕೆಂಪಾಯಿತು. "ಲೇ, ಬಿದ್ದ ಅಂತಿತ್ತಲ್ಲ. ಅಷ್ಟಕ್ಕ ಬಿಡಾಕ ನಿನಗೇನಾಗಿತ್ತು? ನಾಳೆ ಪೊಲೀಸರು ಬಂದ್ರ ಅಪ್ಪನ ಮಾರಿ ಎಲ್ಲಿಡೋಣು?"

"ಆ ಹುಡುಗ ಕುಡದು ಬಿದ್ದಾನ ಅಂತ ಬೀಗರು ಅನ್ನಾಕತ್ತಾರ. ಅವನ ಮಾರಿ ಎಲ್ಲಿಡೂದು?" ರಾಜೇಶ್ವರಿ ದನಿ ಏರಿಸಲಿಲ್ಲ. "ಉಳದವ್ರ ಮನಿ ಕಲ್ಲಾಗಿದ್ರ ಕೇಳ್ತಿದ್ದೆ. ನಮ್ಮ ಮನೀದು ಅಂತ ಹೆಂಗ ಬಿಡ್ಲಿ?"

ಚನಮಲ್ಲಪ್ಪ ಪೆಟ್ಟಿಗೆಯ ಮುಚ್ಚಳ ಹಾಕಿದ. ಮಂಡಿ ನೋಯುತ್ತಿದ್ದರೂ ಗೂಳಪ್ಪನ ಬೈಕಿನ ಹಿಂದೆ ಕುಂತು ತಿರುವಿಗೆ ಹೋದ. ಕತ್ತಲಾಗುವುದರೊಳಗೆ ನಾಲ್ಕೂ ಕಲ್ಲು ಅಂಗಳಕ್ಕೆ ಬಂದವು. ಒಂದರ ಮೇಲೆ ಬೈಕಿನ ಕೆಂಪು ಬಣ್ಣ ಉಜ್ಜಿದ ಗುರುತಿತ್ತು. ಅದನ್ನು ಆತ ತೊಳೆಯಗೊಡಲಿಲ್ಲ. ಉಣ್ಣಲು ಕರೆದರೂ ಬರಲಿಲ್ಲ. ಸೊಸೆ ಇಟ್ಟ ತಾಟು ಹಾಗೇ ಒಳಗೆ ಹೋದಾಗ ಭಾಗವ್ವ, "ನಾಳಿಗೆ ಡಬ್ಬಿ ಕಟ್ಟಬ್ಯಾಡ ಯವ್ವಾ, ಒಂದಿನ ನಿಂತು ನೋಡು" ಎಂದಳು. ಆಕೆಯ ದನಿಯಲ್ಲಿ ಸಿಟ್ಟಿರಲಿಲ್ಲ, ಅಂಜಿಕೆ ಇತ್ತು. ರಾಜೇಶ್ವರಿಗೆ ಅಂದು ತನ್ನ ಕೆಲಸ ಮುಗಿಯಿತೆಂದೇ ಅನ್ನಿಸಿತು. ದುಃಖ ಒತ್ತರಿಸಿ ಬಂತು, ಪಶ್ಚಾತ್ತಾಪ ಮಾತ್ರ ಎಷ್ಟು ಹುಡುಕಿದರೂ ಸಿಗಲಿಲ್ಲ.

ಮುಂಜಾನೆ ಆಕೆ ಡಬ್ಬಿ ಕಟ್ಟಿದಳು. ತಡೆಯುವವರು ಬಾಯಿಬಿಟ್ಟು ತಡೆಯಲಿ ಎಂಬ ಹಟ. ಪಡಸಾಲೆಗೆ ಬಂದು ನೋಡಿದರೆ ಚನಮಲ್ಲಪ್ಪ ಮಡಿ ಧೋತರ ಉಟ್ಟು, ಹಣೆಗೆ ವಿಭೂತಿ ಹಚ್ಚಿ, ಮದುವೆಗೆ ಮಾತ್ರ ಹೊರತೆಗೆಯುವ ಹಳದಿ ರುಮಾಲು ಸುತ್ತಿ ನಿಂತಿದ್ದ.

"ನಡಿ," ಎಂದ. "ನಾನೂ ಬಸ್ಸಿಗೆ ಬರ್ತೇನಿ."

ಬಸ್ಸಿನಲ್ಲಿ ಆತ ಕಿಟಕಿಯ ಪಕ್ಕ ಕುಂತ. ತಿರುವು ಬಂದಾಗ ಕಿಟಕಿಯಿಂದ ರಸ್ತೆಯನ್ನು ಕಣ್ಣು ಮಿಟುಕಿಸದೆ ನೋಡಿದ.

ವಾರ್ಡಿಗೆ ಅವರು ಹೋಗುವಷ್ಟರಲ್ಲಿ ರಬಕವಿಯ ಬೀಗರು ಬಂದಿದ್ದರು. ಹುಡುಗಿಯ ತಂದೆ ಶಿದ್ರಾಮಪ್ಪ ಕೈ ಹಿಂದೆ ಕಟ್ಟಿಕೊಂಡು ಮಂಚದ ಕಾಲದೆಸೆಯಲ್ಲಿ ನಿಂತಿದ್ದ. ಕೆಂಪವ್ವ ಸೆರಗಿನ ಅಂಚು ಹಿಂಡುತ್ತಿದ್ದಳು. ಧರ್ಮರಾಜ ಗೋಡೆ ನೋಡುತ್ತಿದ್ದ. ಮಾತು ಆಗಲೇ ಮುರಿಯುವ ಹಂತಕ್ಕೆ ಬಂದಿರುವುದು ಬಾಗಿಲಿನಿಂದಲೇ ಗೊತ್ತಾಗುತ್ತಿತ್ತು. "ಕಲ್ಲು ಅಂತ ಈಗ ಹೇಳಾಕತ್ತೀರಿ. ಯಾರು ನೋಡ್ಯಾರ?" ಎಂದು ಶಿದ್ರಾಮಪ್ಪ ಕೇಳುತ್ತಿದ್ದ.

ಚನಮಲ್ಲಪ್ಪ ಕುಂಟುತ್ತ ನೇರ ಮಂಚದ ಹತ್ತಿರ ಹೋದ. ಮೊದಲು ಧರ್ಮರಾಜನ ಕಟ್ಟು ಹಾಕಿದ ಕಾಲನ್ನು ಮುಟ್ಟಿ ಕೈಯನ್ನು ಕಣ್ಣಿಗೆ ಒತ್ತಿಕೊಂಡ. ಅಷ್ಟು ದೊಡ್ಡ ರುಮಾಲಿನ ಮುದುಕ ತನ್ನ ಕಾಲು ಮುಟ್ಟಿದ್ದಕ್ಕೆ ಹುಡುಗ ಗಾಬರಿಯಾಗಿ ಏಳಲು ನೋಡಿದ.

"ಮಲ್ಕೋ ತಮ್ಮಾ," ಎಂದ ಚನಮಲ್ಲಪ್ಪ. ಆಮೇಲೆ ಬೀಗರ ಕಡೆ ತಿರುಗಿದ. "ಹುಡುಗ ಕುಡದಿಲ್ರಿ. ಕಲ್ಲು ನೋಡಿದವ್ರು ಯಾರು ಅಂದ್ರಲ್ಲ, ನಾ ನೋಡೇನಿ. ಕಲ್ಲು ನಂದು. ಸುಣ್ಣ ಹಚ್ಚಿದಾಂವ ನಾನು. ಇಟ್ಟು ಬಿಟ್ಟು ಬಂದಾಂವ ನನ್ನ ಮಗ. ಈ ಹುಡುಗನ ಗಾಡಿ ಬಣ್ಣ ಇನ್ನೂ ಅದರ ಮ್ಯಾಲ ಐತಿ. ಬರ್ರಿ, ಹುನ್ನೂರಿಗೆ ಬಂದು ನೋಡ್ರಿ."

ಶಿದ್ರಾಮಪ್ಪ ಆತನನ್ನು ಅಡಿಯಿಂದ ಮುಡಿಯವರೆಗೆ ನೋಡಿದ. ಯಾರೂ ಕರೆಯದೆ ಬಂದು ಯಾರೂ ಕೇಳದ ತಪ್ಪನ್ನು ತಲೆಯ ಮೇಲೆ ಹಾಕಿಕೊಳ್ಳುವ ಮನುಷ್ಯನನ್ನು ಆತ ಮೊದಲು ಕಂಡಿರಲಿಕ್ಕಿಲ್ಲ. "ನೀವ್ಯಾರ್ರಿ ಹಿರ್ಯಾರ?" ಎಂದು ಮೆತ್ತಗೆ ಕೇಳಿದ.

ಹುನ್ನೂರಿನಲ್ಲಿ ಆ ಪ್ರಶ್ನೆಗೆ ಚನಮಲ್ಲಪ್ಪನ ಬಳಿ ಸುಣ್ಣದ ಕಲ್ಲಿನವನು ಎಂಬ ಸಿದ್ಧ ಉತ್ತರವಿತ್ತು. ಅಂದು ಅದು ಆತನ ಬಾಯಿಗೆ ಬರಲಿಲ್ಲ. ಹಿಂದೆ ಬಾಗಿಲಲ್ಲಿ ಡಬ್ಬಿ ಹಿಡಿದು ನಿಂತ ಸೊಸೆಯ ಕಡೆ ಕೈ ಮಾಡಿದ.

"ನಾ ರಾಜೇಶ್ವರಿ ಮಾವ. ಈ ದವಾಖಾನ್ಯಾಗ ಯಾರ ಎಲುಬು ಹೆಂಗ ಮುರೀತು ಅಂತ ಕೇಳಿ ಖರೇ ನಂಬರ ಹಾಕ್ತಾಳಲ್ಲ, ಆಕಿ ಮಾವ."

ರಾಜೇಶ್ವರಿ ಸೆರಗನ್ನು ಬಾಯಿಗೆ ಒತ್ತಿಕೊಂಡಳು. ಡಿಗ್ರಿ ಕೈಗೆ ಬಂದ ದಿನ, ಕೋಡಿಂಗ್ ಪರೀಕ್ಷೆ ಪಾಸಾದ ದಿನ, ಮೊದಲ ಪಗಾರದಲ್ಲಿ ಅತ್ತೆಗೆ ಸೀರೆ ತಂದ ದಿನ, ಯಾವ ದಿನವೂ ಆಕೆಯ ಎದೆ ಇಷ್ಟು ಉಬ್ಬಿರಲಿಲ್ಲ. ಕೆಂಪವ್ವ ಎದ್ದು ಬಂದು ಚನಮಲ್ಲಪ್ಪನಿಗೆ ಕುರ್ಚಿ ಸರಿಸಿದಳು. ಶಿದ್ರಾಮಪ್ಪ ಹಿಂದೆ ಕಟ್ಟಿದ್ದ ಕೈ ಬಿಟ್ಟು, ಮಂಚದ ಅಂಚಿಗೆ ಕುಂತು, "ನೋವು ಭಾಳ ಐತೇನೋ?" ಎಂದು ಅಳಿಯನಾಗುವವನನ್ನು ಮೊದಲ ಬಾರಿಗೆ ಕೇಳಿದ.

ಆಮೇಲಿನದು ನೇರ ದಾರಿ. ಗೌರೀಶ ತಾನೇ ಪೊಲೀಸ್ ಠಾಣೆಗೆ ಹೋಗಿ ಹೇಳಿಕೆ ಕೊಟ್ಟು ಬಂದ, ಎರಡು ದಿನ ಹೆಂಡತಿಯ ಜೊತೆ ಮಾತು ಬಿಟ್ಟ, ಮೂರನೆಯ ದಿನ ತಾನೇ ಧರ್ಮರಾಜನಿಗೆ ಬುತ್ತಿ ಒಯ್ದು ಕೊಟ್ಟ. ಚನಮಲ್ಲಪ್ಪ ಕಲ್ಲುಗಳಿಗೆ ಹಗ್ಗದ ಜಾಳಿಗೆ ಹೆಣೆದು ಉದ್ದ ಹಗ್ಗದಿಂದ ಟ್ರೇಲರಿಗೇ ಕಟ್ಟಿದ. ಗಾಡಿ ಹೊರಟರೆ ಕಲ್ಲೂ ಎಳೆದುಕೊಂಡು ಹೊರಡಲೇಬೇಕು, ಮರೆಯುವ ಮಾತೇ ಇಲ್ಲ. ಮೊದಮೊದಲು ಊರವರು ನಕ್ಕರು. ಈಗ ಹುನ್ನೂರಿನ ಎಷ್ಟೋ ಗಾಡಿಗಳಲ್ಲಿ ಜಾಳಿಗೆಯ ಕಲ್ಲುಗಳಿವೆ. ಧರ್ಮರಾಜನ ಮದುವೆಯಲ್ಲಿ ಹಳದಿ ರುಮಾಲು ಮುಂದಿನ ಸಾಲಿನಲ್ಲೇ ಕುಂತಿತ್ತು.

ಆದರೆ ಮನೆಯವರು ಇವತ್ತಿಗೂ ಹೇಳಿಕೊಂಡು ಖುಷಿಪಡುವುದು ಆ ದಿನ ಸಂಜೆ ಬಸ್ಸಿನಲ್ಲಿ ನಡೆದ ಮಾತನ್ನು. ಚನಮಲ್ಲಪ್ಪ ಸೊಸೆಯ ಕೆಲಸ ಮುಗಿಯುವ ತನಕ ದವಾಖಾನೆಯ ಬೆಂಚಿನ ಮೇಲೆ ಕಾದು ಕುಂತಿದ್ದ. ಮರಳಿ ಬರುವಾಗ, ಸೀಟು ಸಿಕ್ಕು ಸ್ವಲ್ಪ ಹೊತ್ತಾದ ಮೇಲೆ, ಆತ ಕೇಳಿದ.

"ನೀ ಹಾಕಿದ ನಂಬರಿನ್ಯಾಗ ನನ್ನ ಹೆಸರು ಬರ್ತೈತೇನು?"

"ಇಲ್ರಿ ಮಾವಾರ."

"ಮತ್ತೇನ ಬರ್ತೈತಿ?"

"ಬೈಕು ಹೊಡಿಯಾಂವ, ರಸ್ತೆ ಮ್ಯಾಲ, ನಿಂತ ವಸ್ತುವಿಗೆ ಬಡದ ಅನ್ನೂದು ಅಷ್ಟ ಬರ್ತೈತ್ರಿ."

"ಯಾರ ಕಲ್ಲು ಅನ್ನೂದು?"

"ಅದನ್ನ ಆ ಪುಸ್ತಕ ಕೇಳೂದಿಲ್ರಿ."

ಬಸ್ಸು ತಿರುವು ದಾಟಿತು. ರಸ್ತೆ ಸ್ವಚ್ಛವಾಗಿತ್ತು. ಆತ ರುಮಾಲು ತೆಗೆದು ತೊಡೆಯ ಮೇಲಿಟ್ಟುಕೊಂಡು ಸೊಸೆಯ ಕಡೆ ನೋಡಿ ಅಂದ:

"ಹಂಗಾದ್ರ ನಾ ಬಂದು ಹೇಳಿದ್ದು ಚಲೋ ಆತು."